ತಾರೆಯರ ಟಾಕ್ ಶೋ: ಮೊದಲು ಮಾತು ತೆಗೆದವರು ಯಾರು?

ಪ್ರಶ್ನೆ: ಸರ್, ನಮ್ಮ ಮನೆಯಲ್ಲಿ ಒಂದು ವಾದ ನಡೆದಿದೆ. ನಾನು ಎಪ್ಪತ್ತರ ದಶಕದಲ್ಲಿ ಮುಂಬೈಯಲ್ಲಿ ಕೆಲಸಕ್ಕಿದ್ದೆ. ಆಗ ಟಿವಿಯಲ್ಲಿ ತಬಸ್ಸುಮ್ ಅವರು ಸಿನಿಮಾ ನಟ ನಟಿಯರನ್ನು ಕೂರಿಸಿಕೊಂಡು ಮಾತಾಡಿಸುತ್ತಿದ್ದರು. ಈ ಥರದ ಕಾರ್ಯಕ್ರಮ ಅಲ್ಲಿಂದಲೇ ಶುರುವಾಯಿತು ಅಂತ ಅಂದುಕೊಂಡಿದ್ದೆ. ಪತ್ರಿಕೋದ್ಯಮ ಓದುತ್ತಿರುವ ಮೊಮ್ಮಗಳು "ಅಲ್ಲ ಅಜ್ಜ, ಅಮೆರಿಕದ ಜಾನಿ ಕಾರ್ಸನ್ ಶುರು ಮಾಡಿದ್ದು" ಅನ್ನುತ್ತಾಳೆ. ನಿಜವಾಗಿ ಮೊದಲಿಗರು ಯಾರು? 'ವೀಕೆಂಡ್ ವಿತ್ ರಮೇಶ್' ಕೂಡ ಇದೇ ಜಾತಿಯದ್ದಾ?

ಉತ್ತರ: ನಿಮ್ಮ ಪ್ರಶ್ನೆ ಓದಿ ತುಂಬ ಖುಷಿಯಾಯಿತು. ಪಾಠ ಮಾಡುವಾಗ ಪ್ರತಿ ವರ್ಷ ತರಗತಿಯಲ್ಲಿ ಇದನ್ನೇ ಕೇಳುತ್ತಿದ್ದೆ. ಮಕ್ಕಳು ನಿಮ್ಮ ಮೊಮ್ಮಗಳು ಹೇಳಿದ ಹೆಸರನ್ನೇ ಹೇಳುತ್ತಿದ್ದರು. ಕಾರ್ಸನ್ ದೊಡ್ಡ ಹೆಸರು, ಅನುಮಾನವಿಲ್ಲ. ಆದರೆ ಅವರು 'ಟುನೈಟ್ ಶೋ' ಎಂಬ ರಾತ್ರಿಯ ಟಿವಿ ಕಾರ್ಯಕ್ರಮದ ನಿರೂಪಕರ ಕುರ್ಚಿಯಲ್ಲಿ ಕೂತಿದ್ದು 1962ರ ಅಕ್ಟೋಬರ್ 1ರಂದು. ಅಷ್ಟು ಹೊತ್ತಿಗೆ ಅದೇ ಕಾರ್ಯಕ್ರಮಕ್ಕೆ ಎಂಟು ವರ್ಷ ಆಗಿತ್ತು. ಈ ಬಗೆಯ ಮಾತುಕತೆಗಂತೂ 28 ವರ್ಷ ಆಗಿತ್ತು.

ನಾನು 1934ರಿಂದ ಲೆಕ್ಕ ಹಾಕುತ್ತೇನೆ. ಆಗ ಟಿವಿ ಇನ್ನೂ ಮನೆಗಳಿಗೆ ಬಂದಿರಲಿಲ್ಲ, ಇದ್ದದ್ದು ರೇಡಿಯೊ. ಆ ಒಂದೇ ವರ್ಷದಲ್ಲಿ ಅಮೆರಿಕದ ಎರಡು ತುದಿಗಳಲ್ಲಿ ಇಬ್ಬರು ಹೆಂಗಸರು ಎರಡು ಕಾರ್ಯಕ್ರಮ ಶುರು ಮಾಡಿದರು. ಒಬ್ಬರು ಹಾಲಿವುಡ್‌ನ ಲುಯೆಲ್ಲಾ ಪಾರ್ಸನ್ಸ್. ಇನ್ನೊಬ್ಬರು ನ್ಯೂಯಾರ್ಕಿನ ಮೇರಿ ಮಾರ್ಗರೆಟ್ ಮೆಕ್‌ಬ್ರೈಡ್. ಇವತ್ತಿನ ಟಾಕ್ ಶೋದಲ್ಲಿ ಎರಡು ವಿಷಯ ಇರುತ್ತವೆ. ಒಂದು, ಬರುವ ಅತಿಥಿಗೂ ಕರೆಯುವವರಿಗೂ ನಡುವಿನ ವ್ಯವಹಾರ. ಇನ್ನೊಂದು, ಬಾಯಿ ಬಿಡಿಸುವ ಕಲೆ. ಮೊದಲನೆಯದನ್ನು ಪಾರ್ಸನ್ಸ್ ತೋರಿಸಿಕೊಟ್ಟರು. ಎರಡನೆಯದನ್ನು ಮೆಕ್‌ಬ್ರೈಡ್.

ಅದಕ್ಕೂ ಹಿಂದೆ ಪತ್ರಿಕೆಗಳಲ್ಲಿ ಸಂದರ್ಶನ ಇತ್ತು. 1859ರಲ್ಲಿ ನ್ಯೂಯಾರ್ಕಿನ ಸಂಪಾದಕ ಹೊರೇಸ್ ಗ್ರೀಲಿ ಸಾಲ್ಟ್ ಲೇಕ್ ಸಿಟಿಗೆ ಹೋಗಿ ಮಾರ್ಮನ್ ಪಂಥದ ನಾಯಕ ಬ್ರಿಗಮ್ ಯಂಗ್ ಅವರನ್ನು ಮಾತಾಡಿಸಿದರು. ಅದನ್ನು ಪ್ರಶ್ನೆ, ಉತ್ತರ, ಪ್ರಶ್ನೆ, ಉತ್ತರ ಎಂದು ಹಾಗೇ ಅಚ್ಚು ಹಾಕಿದರು. ಆ ಕಾಲಕ್ಕೆ ಅದು ಹೊಸ ರೀತಿ. 1870ರ ದಶಕದಲ್ಲಿ ಲಂಡನ್ನಿನ ಎಡ್ಮಂಡ್ ಯೇಟ್ಸ್ ತಮ್ಮ 'ದಿ ವರ್ಲ್ಡ್' ಪತ್ರಿಕೆಯಲ್ಲಿ 'ಸೆಲೆಬ್ರಿಟೀಸ್ ಅಟ್ ಹೋಮ್' ಎಂಬ ಮಾಲೆ ನಡೆಸಿದರು. ಹೆಸರಾದವರ ಮನೆ ಹೇಗಿದೆ, ಮೇಜಿನ ಮೇಲೆ ಏನಿದೆ, ಎಲ್ಲಾ ಬರೆಯುತ್ತಿದ್ದರು. ದೊಡ್ಡವರ ಮನೆಯ ಹೊಸ್ತಿಲು ದಾಟಿ ಒಳಗೆ ನೋಡುವ ಆಸೆ ಅವತ್ತೂ ಇತ್ತು. ರೇಡಿಯೊ ಬಂದ ಮೇಲೆ ಅದಕ್ಕೆ ದನಿ ಬಂತು, ಅಷ್ಟೇ.

ಈಗ ಪಾರ್ಸನ್ಸ್ ವಿಷಯಕ್ಕೆ ಬರೋಣ. ಹರ್ಸ್ಟ್ ಬಳಗದ ಪತ್ರಿಕೆಗಳಲ್ಲಿ ಸಿನಿಮಾ ಮಂದಿಯ ಸುದ್ದಿ ಬರೆಯುತ್ತಿದ್ದವರು ಅವರು. ಅವರ ಅಂಕಣದಲ್ಲಿ ಒಳ್ಳೆಯ ಮಾತು ಬಂದರೆ ನಟನಿಗೆ ಲಾಭ, ಕೆಟ್ಟ ಮಾತು ಬಂದರೆ ಕಷ್ಟ. 1934ರ ಅಕ್ಟೋಬರಿನಲ್ಲಿ ಸಿಬಿಎಸ್ ರೇಡಿಯೊದಲ್ಲಿ 'ಹಾಲಿವುಡ್ ಹೋಟೆಲ್' ಎಂಬ ಕಾರ್ಯಕ್ರಮ ಶುರುವಾಯಿತು. ನಟ ಡಿಕ್ ಪಾವೆಲ್ ನಿರೂಪಕರು. ಪಾರ್ಸನ್ಸ್ ಅವರ ಕೆಲಸ ತಾರೆಯರನ್ನು ಕರೆತಂದು ಮಾತಾಡಿಸುವುದು. ಬಂದವರು ತಮ್ಮ ಮುಂದಿನ ಸಿನಿಮಾದ ಒಂದು ಭಾಗವನ್ನು ಮೈಕಿನ ಮುಂದೆ ಆಡಿ ತೋರಿಸುತ್ತಿದ್ದರು. ಕಾರ್ಯಕ್ರಮದ ಖರ್ಚು ಹೊತ್ತವರು ಕ್ಯಾಂಪ್‌ಬೆಲ್ ಸೂಪ್ ಕಂಪನಿ. ತಾರೆಯರಿಗೆ ಸಂಭಾವನೆ? ಏನೂ ಇಲ್ಲ. ಮನೆಗೆ ಹೋಗುವಾಗ ಸೂಪ್ ಡಬ್ಬಿಗಳ ಪೆಟ್ಟಿಗೆ ಸಿಗುತ್ತಿತ್ತು.

ಲಕ್ಷಗಟ್ಟಲೆ ಡಾಲರ್ ಬೆಲೆಬಾಳುವ ತಾರೆಯರು ಪುಕ್ಕಟೆ ಯಾಕೆ ಬಂದರು? ಪಾರ್ಸನ್ಸ್ ಅವರ ಅಂಕಣದ ಭಯ ಒಂದು. ಜತೆಗೆ ಸಿನಿಮಾಗೆ ಸಿಗುವ ಪ್ರಚಾರ. ಕೊನೆಗೆ ಕಲಾವಿದರ ಸಂಘದವರು ಎದ್ದು ನಿಂತು, ದುಡ್ಡಿಲ್ಲದೆ ದುಡಿಯುವುದು ಬೇಡ ಎಂದರು. 1938ರ ಕೊನೆಗೆ ಆ ಕಾರ್ಯಕ್ರಮ ಮುಗಿಯಿತು. ಆದರೆ ಅಲ್ಲಿ ಕುದುರಿದ ವ್ಯವಹಾರ ಮಾತ್ರ ಮುಗಿಯಲಿಲ್ಲ. ಸಿನಿಮಾ ಬಿಡುಗಡೆಯ ವಾರ ನಾಯಕ ನಟ ಒಂದರ ಹಿಂದೆ ಒಂದು ಚಾನೆಲ್‌ನಲ್ಲಿ ಕಾಣಿಸಿಕೊಳ್ಳುತ್ತಾನಲ್ಲ, ಅದು ಇದೇ. ನನ್ನ ಸಿನಿಮಾದ ಮಾತು ನೀವು ಆಡಿ, ನಿಮ್ಮ ಸಮಯ ನಾನು ತುಂಬುತ್ತೇನೆ. ನಾನು ಇದನ್ನು ತಪ್ಪು ಅನ್ನುವುದಿಲ್ಲ. ಆದರೆ ನೋಡುವವರಿಗೆ ಗೊತ್ತಿರಬೇಕು.

ಮೆಕ್‌ಬ್ರೈಡ್ ಅವರ ದಾರಿಯೇ ಬೇರೆ. ಅವರ ಬಗ್ಗೆ ನಾನು ಸ್ವಲ್ಪ ಜಾಸ್ತಿ ಬರೆಯುತ್ತೇನೆ, ದಯವಿಟ್ಟು ಓದಿ. ಇಷ್ಟು ದೊಡ್ಡ ಕೆಲಸ ಮಾಡಿದವರನ್ನು ಇಷ್ಟು ಬೇಗ ಮರೆತಿದ್ದು ನನಗೆ ಇವತ್ತಿಗೂ ಬೇಜಾರಿನ ವಿಷಯ.

ಅವರು ಹುಟ್ಟಿದ್ದು 1899ರಲ್ಲಿ, ಮಿಸೌರಿ ರಾಜ್ಯದ ಪ್ಯಾರಿಸ್ ಎಂಬ ಸಣ್ಣ ಊರಿನಲ್ಲಿ. ಪತ್ರಿಕೋದ್ಯಮ ಓದಿ, ನ್ಯೂಯಾರ್ಕಿಗೆ ಬಂದು, ಪತ್ರಿಕೆಗಳಿಗೆ ಬರೆದು ಚೆನ್ನಾಗಿಯೇ ಸಂಪಾದಿಸುತ್ತಿದ್ದರು. 1929ರಲ್ಲಿ ಷೇರುಪೇಟೆ ಕುಸಿಯಿತು, ಆಮೇಲೆ ಬರವಣಿಗೆಯ ಕೆಲಸ ಕಡಿಮೆಯಾಯಿತು. 1934ರಲ್ಲಿ ಡಬ್ಲ್ಯೂಓಆರ್ ರೇಡಿಯೊ ಕೇಂದ್ರ ಅವರಿಗೆ ಕೆಲಸ ಕೊಟ್ಟಿತು. ಆದರೆ ಸ್ವಂತ ಹೆಸರಿನಲ್ಲಿ ಅಲ್ಲ. 'ಮಾರ್ತಾ ಡೀನ್' ಎಂಬ ಅಜ್ಜಿಯಾಗಿ ಮಾತಾಡಬೇಕು. ಮನೆ ತುಂಬ ಮಕ್ಕಳು, ಮೊಮ್ಮಕ್ಕಳು. ಕೇಳುವ ಗೃಹಿಣಿಯರಿಗೆ ಅಡುಗೆಯ ಕಿವಿಮಾತು, ಸಂಸಾರದ ಬುದ್ಧಿಮಾತು.

ಅವರಿಗೆ ಆಗ 34 ವಯಸ್ಸು. ಮದುವೆಯಾಗಿರಲಿಲ್ಲ. ಇಲ್ಲದ ಮೊಮ್ಮಕ್ಕಳ ಹೆಸರು ನೆನಪಿಟ್ಟುಕೊಳ್ಳುವುದೇ ಕಷ್ಟವಾಯಿತು. ಕೆಲವೇ ವಾರಗಳಲ್ಲಿ ಒಂದು ದಿನ, ನೇರ ಪ್ರಸಾರದ ನಡುವೆಯೇ, ಮಾತು ನಿಲ್ಲಿಸಿ ಇದ್ದದ್ದನ್ನು ಇದ್ದ ಹಾಗೆ ಹೇಳಿಬಿಟ್ಟರು. ನಾನು ಅಜ್ಜಿಯಲ್ಲ, ನನಗೆ ಮಕ್ಕಳೂ ಇಲ್ಲ, ಮೊಮ್ಮಕ್ಕಳೂ ಇಲ್ಲ. ನಾನು ಪತ್ರಿಕೆಯಲ್ಲಿ ಕೆಲಸ ಮಾಡಿದವಳು. ಇನ್ನು ಮುಂದೆ ನಾನು ಹೋದ ಜಾಗ, ಕಂಡ ಜನರ ಬಗ್ಗೆ ಮಾತಾಡುತ್ತೇನೆ ಎಂಬುದು ಅವರ ಮಾತಿನ ಸಾರ.

ಕೆಲಸ ಹೋಗಬೇಕಿತ್ತು. ಆದರೆ ಕೇಳುಗರು ಅವರ ಕೈ ಹಿಡಿದರು. ನನಗೆ ಈ ಗಳಿಗೆ ಬಹಳ ಮುಖ್ಯ ಅನ್ನಿಸುತ್ತದೆ. ಬರೆದುಕೊಟ್ಟದ್ದನ್ನು ಓದುವ ದನಿ ಬೇರೆ, ಒಬ್ಬ ಮನುಷ್ಯ ಯೋಚಿಸುತ್ತಾ ಯೋಚಿಸುತ್ತಾ ಆಡುವ ಮಾತು ಬೇರೆ. ರೇಡಿಯೊ ಕೇಳುವವರು ಆ ವ್ಯತ್ಯಾಸವನ್ನು ತಕ್ಷಣ ಹಿಡಿದರು.

ಅಲ್ಲಿಂದ ಅವರು ದಿನಾ ಅತಿಥಿಗಳನ್ನು ಕರೆಸಿದರು. ಕೈಯಲ್ಲಿ ಬರೆದ ಸಂಭಾಷಣೆ ಇರುತ್ತಿರಲಿಲ್ಲ. ಅತಿಥಿಯ ಬಗ್ಗೆ ಮೊದಲೇ ಚೆನ್ನಾಗಿ ಓದಿಕೊಂಡು ಬರುತ್ತಿದ್ದರು. ಆದರೆ ಮೈಕಿನ ಮುಂದೆ ಏನೂ ಗೊತ್ತಿಲ್ಲದವರ ಹಾಗೆ, ಹೌದಾ, ಆಮೇಲೆ, ಅಂತ ಕೇಳುತ್ತಿದ್ದರು. ಎದುರಿಗೆ ಕೂತವರಿಗೆ ತಾವು ರೇಡಿಯೊದಲ್ಲಿದ್ದೇವೆ ಎಂಬುದೇ ಮರೆತುಹೋಗುತ್ತಿತ್ತು. ಹಿತ್ತಲಿನಲ್ಲಿ ಬಟ್ಟೆ ಒಣಹಾಕುತ್ತಾ ಪಕ್ಕದ ಮನೆಯವರ ಹತ್ತಿರ ಮಾತಾಡುವ ಹಾಗೆ. ಅಧ್ಯಕ್ಷರ ಪತ್ನಿ ಎಲೀನರ್ ರೂಸ್ವೆಲ್ಟ್ ಬಂದರು. ಹಾಸ್ಯನಟ ಬಾಬ್ ಹೋಪ್ ಬಂದರು. 1943ರಲ್ಲಿ ಲೇಖಕಿ ಜೋರಾ ನೀಲ್ ಹರ್ಸ್ಟನ್ ಬಂದು ಹೈಟಿ ದೇಶದ ಜೋಂಬಿಗಳ, ಅಂದರೆ ಸತ್ತು ಎದ್ದು ಬಂದವರು ಎಂದು ಅಲ್ಲಿಯವರು ನಂಬುವವರ ಬಗ್ಗೆ ಮಾತಾಡಿದರು. ಆ ಧ್ವನಿಮುದ್ರಣ ಉಳಿದಿದೆ, ಈಗಲೂ ಕೇಳಬಹುದು. ನಿಮ್ಮ ಮೊಮ್ಮಗಳಿಗೆ ಕೇಳಿಸಿ. ಮೆಕ್‌ಬ್ರೈಡ್ ಎಷ್ಟು ಕಡಿಮೆ ಮಾತಾಡಿ ಎಷ್ಟೆಲ್ಲಾ ಹೊರಗೆ ತೆಗೆಯುತ್ತಾರೆ ಅಂತ ಅವಳಿಗೆ ಗೊತ್ತಾಗಲಿ.

ಜಾಹೀರಾತನ್ನೂ ಅವರು ಮಾತಿನ ನಡುವೆಯೇ ಹೇಳುತ್ತಿದ್ದರು. ತಾವು ಬಳಸಿ ನೋಡದ ಸಾಮಾನನ್ನು ಹೊಗಳುತ್ತಿರಲಿಲ್ಲ. ಒಬ್ಬನೇ ಪ್ರಾಯೋಜಕ ಇಡೀ ಕಾರ್ಯಕ್ರಮವನ್ನು ಕೊಂಡುಕೊಳ್ಳುವುದು ಆಗಿನ ರೂಢಿ. ಇವರ ಕಾರ್ಯಕ್ರಮದಲ್ಲಿ ಹಲವರು ಹಂಚಿಕೊಳ್ಳುತ್ತಿದ್ದರು. ಈ ಅಂಶ ನೆನಪಿಡಿ, ಮುಂದೆ ಬರುತ್ತದೆ.

ಗಂಡಸು ವಿಮರ್ಶಕರು ಇದನ್ನು ಹೆಂಗಸರ ಹರಟೆ ಅಂತ ತಳ್ಳಿಹಾಕಿದರು. 1944ರಲ್ಲಿ ಹತ್ತನೇ ವರ್ಷದ ಆಚರಣೆಗೆ ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ ಕಿಕ್ಕಿರಿದು ತುಂಬಿತು. ಎಲೀನರ್ ರೂಸ್ವೆಲ್ಟ್ ಕೂಡ ಬಂದಿದ್ದರು. 1949ರಲ್ಲಿ ಹದಿನೈದನೇ ವರ್ಷಕ್ಕೆ ಆ ಜಾಗವೂ ಸಾಲದು ಅಂತ ಯಾಂಕೀ ಸ್ಟೇಡಿಯಂ ಹಿಡಿದರು. ಹತ್ತಾರು ಸಾವಿರ ಜನ ಬಂದರು. ಒಬ್ಬ ಹೆಂಗಸು ಮಧ್ಯಾಹ್ನದ ಹೊತ್ತು ರೇಡಿಯೊದಲ್ಲಿ ಸುಮ್ನೆ ಮಾತಾಡಿದ್ದಕ್ಕೆ ಬೇಸ್‌ಬಾಲ್ ಮೈದಾನಕ್ಕೆ ಜನ ಸೇರುವುದೆಂದರೆ!

ಅದೇ ಕಾಲದ ಇಂಗ್ಲೆಂಡ್ ನೋಡಿ. ಬಿಬಿಸಿಯಲ್ಲಿ 1933ರಿಂದಲೇ 'ಇನ್ ಟೌನ್ ಟುನೈಟ್' ಇತ್ತು. ಲಂಡನ್ನಿಗೆ ಬಂದ ಹೆಸರುವಾಸಿಗಳನ್ನು ಕರೆದು ಮಾತಾಡಿಸುತ್ತಿದ್ದರು. ವರ್ಷದ ಲೆಕ್ಕದಲ್ಲಿ ಇದು ಆ ಎರಡು ಕಾರ್ಯಕ್ರಮಗಳಿಗಿಂತ ಮೊದಲು. ಆದರೆ ಅಲ್ಲಿ ಪ್ರಶ್ನೆಯೂ ಉತ್ತರವೂ ಮೊದಲೇ ಬರೆದಿಟ್ಟದ್ದು. 1942ರ ಜನವರಿಯಲ್ಲಿ ರಾಯ್ ಪ್ಲಮ್ಲಿ ಶುರು ಮಾಡಿದ 'ಡೆಸರ್ಟ್ ಐಲ್ಯಾಂಡ್ ಡಿಸ್ಕ್ಸ್' ಎಂಬ ರೇಡಿಯೊ ಸಂದರ್ಶನ ಇವತ್ತಿಗೂ ನಡೆಯುತ್ತಿದೆ. ಯುದ್ಧದ ಕಾಲವಾದ್ದರಿಂದ ಅದರ ಮೊದಮೊದಲ ಮಾತುಗಳೂ ಬರೆದು, ತಪಾಸಣೆಯಾಗಿ, ಆಮೇಲೆ ಓದಿದವು. ಅದಕ್ಕೇ ನಾನು ಮೆಕ್‌ಬ್ರೈಡ್ ಅವರನ್ನೇ ಮುಂದಿಡುವುದು.

ಇನ್ನು ಟಿವಿ. ಅಮೆರಿಕದಲ್ಲಿ 1950ರ ಸುಮಾರಿಗೆ ರಾತ್ರಿ ಹನ್ನೊಂದು ದಾಟಿದರೆ ಟಿವಿ ಕೇಂದ್ರಗಳು ಹೆಚ್ಚಾಗಿ ಬಾಗಿಲು ಹಾಕುತ್ತಿದ್ದವು. ಎನ್‌ಬಿಸಿಯ ಪ್ಯಾಟ್ ವೀವರ್ ಎಂಬ ಅಧಿಕಾರಿಗೆ ಈ ಖಾಲಿ ಹೊತ್ತು ಕಣ್ಣಿಗೆ ಬಿತ್ತು. ಆ ಹೊತ್ತಿಗೆ ನಾಟಕ, ಸಿನಿಮಾ ಮಾಡಿಸಲು ಖರ್ಚು ಜಾಸ್ತಿ. ಮಾತಿಗೆ ಖರ್ಚು ಕಡಿಮೆ. 1950ರ ಮೇ ತಿಂಗಳಿನಲ್ಲಿ 'ಬ್ರಾಡ್‌ವೇ ಓಪನ್ ಹೌಸ್' ಶುರುವಾಯಿತು. ನಡೆಸಲು ಆರಿಸಿದ್ದ ಡಾನ್ ಹಾರ್ನ್ಸ್‌ಬಿ ಎಂಬ ಯುವ ಹಾಸ್ಯಗಾರ ಇನ್ನೇನು ಶುರುವಾಗಬೇಕು ಅನ್ನುವಾಗ ಪೋಲಿಯೊ ತಗಲಿ ತೀರಿಕೊಂಡರು. ಜೆರ್ರಿ ಲೆಸ್ಟರ್ ಮತ್ತು ಮೋರಿ ಆಮ್ಸ್ಟರ್‌ಡ್ಯಾಮ್ ಆ ಜಾಗಕ್ಕೆ ಬಂದರು. ಅದು ಟಾಕ್ ಶೋಗಿಂತ ಹೆಚ್ಚಾಗಿ ತಮಾಷೆಯ ಮೇಳ. ಮರು ವರ್ಷ ನಿಂತಿತು. ಆದರೆ ರಾತ್ರಿ ಎದ್ದು ಕೂತು ನೋಡುವ ಜನ ಇದ್ದಾರೆ ಅಂತ ಸಾಬೀತಾಯಿತು. ಅದೇ ಹೊತ್ತಿಗೆ ಸಿಬಿಎಸ್‌ನಲ್ಲಿ ನಟಿ ಫೇ ಎಮರ್ಸನ್, ನ್ಯೂಯಾರ್ಕಿನ ಸ್ಥಳೀಯ ಟಿವಿಯಲ್ಲಿ ಜೋ ಫ್ರಾಂಕ್ಲಿನ್ ಕೂಡ ಅತಿಥಿಗಳನ್ನು ಕೂರಿಸಿ ಮಾತಾಡಿಸುತ್ತಿದ್ದರು. ಟಿವಿಯಲ್ಲಿ ಮೊದಲಿಗರು ಯಾರು ಎಂದು ಜಗಳ ತೆಗೆದರೆ ಇವರ ಹೆಸರೂ ಬರುತ್ತದೆ.

ವೀವರ್ ಇನ್ನೊಂದು ಕೆಲಸ ಮಾಡಿದರು. ಒಂದು ಕಾರ್ಯಕ್ರಮಕ್ಕೆ ಒಬ್ಬನೇ ಪ್ರಾಯೋಜಕ ಬೇಡ, ಪತ್ರಿಕೆಯಲ್ಲಿ ಪುಟ ಮಾರುವ ಹಾಗೆ ನಿಮಿಷಗಳನ್ನು ಹಲವರಿಗೆ ಮಾರೋಣ ಎಂದರು. ಮೆಕ್‌ಬ್ರೈಡ್ ರೇಡಿಯೊದಲ್ಲಿ ನಡೆಸಿದ ರೀತಿ ನೆನಪಾಯಿತಲ್ಲವೇ? ದಿನಾ ಗಂಟೆಗಟ್ಟಲೆ ನಡೆಯುವ ಮಾತಿನ ಕಾರ್ಯಕ್ರಮಕ್ಕೆ ದುಡ್ಡು ಹುಟ್ಟಿದ್ದೇ ಹೀಗೆ.

ಮಾತಾಡಲು ಬೇಕಾದವರೂ ಸಿಕ್ಕಿದರು, ಸ್ಟೀವ್ ಅಲೆನ್. ಲಾಸ್ ಏಂಜಲೀಸ್‌ನ ಕೆಎನ್‌ಎಕ್ಸ್ ರೇಡಿಯೊದಲ್ಲಿ ರಾತ್ರಿ ಹೊತ್ತು ಹಾಡು ಹಾಕುವುದು ಅವರ ಕೆಲಸ. ಆದರೆ ಹಾಡು ಕಡಿಮೆ, ಮಾತು ಜಾಸ್ತಿ. ಮೇಲಿನವರು ಸಿಟ್ಟಾಗಿ, ಮಾತು ನಿಲ್ಲಿಸಿ ಹಾಡು ಹಾಕಿ ಅಂತ ಚೀಟಿ ಕಳಿಸಿದರು. ಅಲೆನ್ ಆ ಚೀಟಿಯನ್ನೇ ಪ್ರಸಾರದಲ್ಲಿ ಓದಿದರು. ಕೇಳುಗರಿಂದ ಪತ್ರಗಳ ರಾಶಿ ಬಂತು, ಮಾತೇ ಇರಲಿ ಅಂತ. ಕ್ರಮೇಣ ಜನ ಸ್ಟುಡಿಯೊಗೇ ಬಂದು ಕೂರತೊಡಗಿದರು.

ಒಂದು ರಾತ್ರಿ ಗಾಯಕಿ ಡೋರಿಸ್ ಡೇ ಬರಬೇಕಿತ್ತು, ಬರಲಿಲ್ಲ. ಇನ್ನೂ ಸುಮಾರು 25 ನಿಮಿಷ ತುಂಬಬೇಕು. ಮುಂದೆ ಏನೂ ಇಲ್ಲ. ಅಲೆನ್ ನಿಂತಿದ್ದ ದೊಡ್ಡ ಮೈಕನ್ನು ಎಳೆದುಕೊಂಡು ಕೂತಿದ್ದ ಜನರ ನಡುವೆ ಹೋದರು. ಎಲ್ಲಿಂದ ಬಂದಿರಿ, ಏನು ಕೆಲಸ, ಅಂತ ಒಬ್ಬೊಬ್ಬರನ್ನೇ ಮಾತಾಡಿಸಿದರು. ಸಭಾಂಗಣ ನಕ್ಕು ನಲಿಯಿತು. ಆ ಗಾಯಕಿ ಬಂದಿದ್ದರೆ ಅಷ್ಟು ಚೆನ್ನಾಗಿ ಆಗುತ್ತಿರಲಿಲ್ಲವೇನೋ. ಹೀಗೆ ಕೈಕೊಟ್ಟ ಗಳಿಗೆಯಲ್ಲಿ ಸಿಕ್ಕಿದ್ದನ್ನು ಅವರು ಮುಂದೆ ಕೊನೆಯವರೆಗೂ ಬಳಸಿದರು.

1953ರಲ್ಲಿ ನ್ಯೂಯಾರ್ಕಿನ ಸ್ಥಳೀಯ ಟಿವಿಯಲ್ಲಿ ಶುರು. 1954ರ ಸೆಪ್ಟೆಂಬರ್ 27ರ ರಾತ್ರಿ ಹಡ್ಸನ್ ಥಿಯೇಟರಿನಿಂದ ದೇಶಕ್ಕೆಲ್ಲಾ 'ಟುನೈಟ್'. ಇದು ಮುಗಿಯುವ ಕಾರ್ಯಕ್ರಮವೇ ಅಲ್ಲ, ಹೀಗೇ ನಡೆಯುತ್ತಲೇ ಇರುತ್ತದೆ ಅಂತ ಅಲೆನ್ ಮೊದಲ ರಾತ್ರಿಯೇ ತಮಾಷೆ ಮಾಡಿದರು. ರಾತ್ರಿ ಒಂದು ಗಂಟೆಯವರೆಗೆ ನಡೆಯುತ್ತದಲ್ಲ, ಅದಕ್ಕೆ. ಆ ಮಾತು ಇನ್ನೊಂದು ರೀತಿಯಲ್ಲಿ ನಿಜವಾಯಿತು, ಆ ಹೆಸರಿನ ಕಾರ್ಯಕ್ರಮ ಇನ್ನೂ ನಡೆಯುತ್ತಿದೆ. ಶುರುವಿನಲ್ಲಿ ನಿರೂಪಕರ ಹಾಸ್ಯದ ಮಾತು, ಮೇಜು, ಪಕ್ಕದಲ್ಲಿ ವಾದ್ಯಗಾರರ ತಂಡ, ಬೀದಿಗಿಳಿದು ಜನರನ್ನು ಮಾತಾಡಿಸುವುದು, ಇವನ್ನೆಲ್ಲಾ ಒಂದೇ ಕಡೆ ಕೂಡಿಸಿ ನೆಲೆಗೆ ತಂದವರು ಅಲೆನ್.

1957ರಲ್ಲಿ ಜ್ಯಾಕ್ ಪಾರ್ ಬಂದರು. ಇವರು ಹಾಡು ಕುಣಿತಕ್ಕಿಂತ ಮಾತನ್ನೇ ಮುಖ್ಯ ಮಾಡಿದರು. ಮನಸ್ಸು ಬೇಗ ಕಲಕುವ ಮನುಷ್ಯ. ಕಕ್ಕಸಿನ ಬಗ್ಗೆ ಒಂದು ತಮಾಷೆಯನ್ನು ಚಾನೆಲ್‌ನವರು ತಮಗೆ ಹೇಳದೆ ಕತ್ತರಿಸಿದರು ಅಂತ 1960ರ ಫೆಬ್ರುವರಿಯಲ್ಲಿ ಕಾರ್ಯಕ್ರಮದ ನಡುವೆಯೇ ಎದ್ದು ಹೋದರು. ವಾಪಸ್ ಬಂದಿದ್ದು ಮಾರ್ಚ್‌ನಲ್ಲಿ. ಅದೇ ವರ್ಷ ಅಧ್ಯಕ್ಷ ಚುನಾವಣೆಗೆ ನಿಂತಿದ್ದ ಕೆನಡಿ, ನಿಕ್ಸನ್ ಇಬ್ಬರೂ ಅವರ ಎದುರು ಬಂದು ಕೂತರು. ರಾಜಕಾರಣಿಗಳಿಗೂ ಈ ಕುರ್ಚಿಯ ಬೆಲೆ ಗೊತ್ತಾಗಿತ್ತು.

ಸೂಪ್ ಡಬ್ಬಿಯ ಕಥೆ ಇಲ್ಲಿ ಇನ್ನೊಮ್ಮೆ ಬರುತ್ತದೆ. ಪಾರ್ ಅವರ ಕಾರ್ಯಕ್ರಮಕ್ಕೆ ಬಂದವರಿಗೆ ಸಿಗುತ್ತಿದ್ದದ್ದು ಸಂಘ ಗೊತ್ತು ಮಾಡಿದ ಕನಿಷ್ಠ ಸಂಭಾವನೆ, 320 ಡಾಲರ್. ಭಾನುವಾರ ರಾತ್ರಿ ದೊಡ್ಡ ಮನರಂಜನೆಯ ಕಾರ್ಯಕ್ರಮ ನಡೆಸುತ್ತಿದ್ದ ಎಡ್ ಸಲಿವನ್ ಅದೇ ಕಲಾವಿದರಿಗೆ ಸಾವಿರಾರು ಡಾಲರ್ ಕೊಡುತ್ತಿದ್ದರು. 1961ರಲ್ಲಿ ಅವರು ರೇಗಿ, ಅಲ್ಲಿ 320ಕ್ಕೆ ಹೋಗುವವರಿಗೆ ನನ್ನಲ್ಲೂ 320 ಅಷ್ಟೇ ಎಂದುಬಿಟ್ಟರು. ಪತ್ರಿಕೆಗಳಲ್ಲಿ ದೊಡ್ಡ ಜಗಳವಾಯಿತು. ಆದರೂ ಕಲಾವಿದರು ಪಾರ್ ಹತ್ತಿರ ಹೋದರು. ಸಲಿವನ್ ವೇದಿಕೆಯಲ್ಲಿ ಹಾಡಿ ಇಳಿಯಬೇಕು. ಪಾರ್ ಎದುರು ಕೂತರೆ ತಾವು ಎಂಥವರು ಅಂತ ಜನರಿಗೆ ಕಾಣುತ್ತದೆ. ಆ ಲಾಭದ ಮುಂದೆ ಸಾವಿರ ಡಾಲರ್ ಏನೂ ಅಲ್ಲ.

ಕಾರ್ಸನ್ ಇದನ್ನೆಲ್ಲಾ ಸಿದ್ಧವಾಗಿಯೇ ಪಡೆದರು. ಅದನ್ನು ಸುಮಾರು 30 ವರ್ಷ, 1992ರವರೆಗೆ, ಬಹಳ ಚೆನ್ನಾಗಿ ನಡೆಸಿದರು. ಮೊದಲಿಗರು ಅವರೇ ಎಂದು ಜನ ನಂಬಲು ಇನ್ನೊಂದು ಕಾರಣವೂ ಇದೆ. ಹಳೆಯ ಪ್ರಸಾರಗಳು ಉಳಿದಿಲ್ಲ. ಆಗ ಟೇಪು ದುಬಾರಿ, ಅಳಿಸಿ ಮತ್ತೆ ಬಳಸುತ್ತಿದ್ದರು. ಕಾರ್ಸನ್ ಅವರ ಮೊದಲ ಹತ್ತು ವರ್ಷದ ಹೆಚ್ಚಿನ ಕಂತುಗಳೇ ಹಾಗೆ ಹೋದವು. ಇನ್ನು ಅವರಿಗಿಂತ ಹಿಂದಿನವರ ಗತಿ ಏನು ಹೇಳುವುದು! ಕಣ್ಣಿಗೆ ಕಂಡದ್ದಷ್ಟೇ ನೆನಪಲ್ಲಿ ಉಳಿಯುತ್ತದೆ.

ಮನೆ ವಿಷಯ ಮಾತಾಡಿಸುವ ಇನ್ನೊಂದು ಬಗೆಯನ್ನೂ ಹೇಳಬೇಕು. 1953ರ ಅಕ್ಟೋಬರ್ 2ರಂದು ಪತ್ರಕರ್ತ ಎಡ್ವರ್ಡ್ ಮರೋ 'ಪರ್ಸನ್ ಟು ಪರ್ಸನ್' ಶುರು ಮಾಡಿದರು. ಮರೋ ಸ್ಟುಡಿಯೊದಲ್ಲಿ ಸಿಗರೇಟು ಹಿಡಿದು ಕೂತಿರುತ್ತಿದ್ದರು. ಅತಿಥಿ ತಮ್ಮ ಮನೆಯಲ್ಲೇ. ಮೊದಲ ದಿನದ ಅತಿಥಿಗಳಲ್ಲಿ ಒಬ್ಬರು ಬೇಸ್‌ಬಾಲ್ ಆಟಗಾರ ರಾಯ್ ಕ್ಯಾಂಪನೆಲ್ಲಾ. ಅವತ್ತು ಹಗಲು ವರ್ಲ್ಡ್ ಸೀರೀಸ್ ಪಂದ್ಯದಲ್ಲಿ ತಮ್ಮ ತಂಡವನ್ನು ಗೆಲ್ಲಿಸಿದ ಹೊಡೆತ ಅವರದೇ. ರಾತ್ರಿ ಮನೆಯಲ್ಲಿ ಕೂತು ಇಡೀ ದೇಶದ ಜತೆ ಮಾತಾಡಿದರು.

ಇಂಗ್ಲೆಂಡಿನಲ್ಲಿ 1959ರಲ್ಲಿ ಜಾನ್ ಫ್ರೀಮನ್ ಅವರ 'ಫೇಸ್ ಟು ಫೇಸ್' ಬಂತು. ಕ್ಯಾಮೆರಾ ಅತಿಥಿಯ ಮುಖದ ಮೇಲೆ. ಫ್ರೀಮನ್ ಅವರ ಬೆನ್ನು ಮಾತ್ರ ನಮಗೆ ಕಾಣುತ್ತದೆ. ತತ್ವಜ್ಞಾನಿ ಬರ್ಟ್ರಂಡ್ ರಸೆಲ್, ಮನಶ್ಶಾಸ್ತ್ರಜ್ಞ ಯೂಂಗ್, ಮಾರ್ಟಿನ್ ಲೂಥರ್ ಕಿಂಗ್ ಎಲ್ಲರೂ ಆ ಬೆನ್ನಿನ ಎದುರು ಕೂತವರೇ. ಈ ಫ್ರೀಮನ್ 1965ರಿಂದ 68ರವರೆಗೆ ದೆಹಲಿಯಲ್ಲಿ ಬ್ರಿಟಿಷ್ ಹೈಕಮಿಷನರ್ ಆಗಿದ್ದರು. ಇವತ್ತು ಅತಿಥಿಯ ಮಾತನ್ನು ತಡೆದು ತಮ್ಮದೇ ಕಥೆ ಹೇಳುವ ನಿರೂಪಕರನ್ನು ನೋಡಿದಾಗಲೆಲ್ಲಾ ನನಗೆ ಆ ಬೆನ್ನು ನೆನಪಾಗುತ್ತದೆ.

ನೀವು ನೋಡಿದ ತಬಸ್ಸುಮ್ ಅವರ 'ಫೂಲ್ ಖಿಲೇ ಹೈ ಗುಲ್ಶನ್ ಗುಲ್ಶನ್' 1972ರಲ್ಲಿ, ಮುಂಬೈ ದೂರದರ್ಶನ ಶುರುವಾದ ಹೊಸತರಲ್ಲೇ ಬಂತು. 1993ರವರೆಗೆ ನಡೆಯಿತು. ಜಗತ್ತಿನ ಲೆಕ್ಕದಲ್ಲಿ ಮೊದಲಲ್ಲ, ಆದರೆ ನಮ್ಮ ದೇಶದ ಟಿವಿಯ ಲೆಕ್ಕದಲ್ಲಿ ನಿಮ್ಮ ಮಾತು ಸರಿ. ಬಾಲನಟಿಯಾಗಿ ಬೆಳೆದ ಅವರಿಗೆ ಸಿನಿಮಾದವರೆಲ್ಲಾ ಪರಿಚಯ, ಹಾಗಾಗಿ ಆ ಸಲುಗೆ. ಆಗ ನಮ್ಮ ಬೆಂಗಳೂರಿನವರಿಗೆ ಅದನ್ನು ನೋಡುವ ಭಾಗ್ಯ ಇರಲಿಲ್ಲ, ಇಲ್ಲಿಗೆ ದೂರದರ್ಶನ ಕೇಂದ್ರ ಬಂದಿದ್ದೇ 1981ರಲ್ಲಿ.

'ವೀಕೆಂಡ್ ವಿತ್ ರಮೇಶ್' ಮಾತ್ರ ಬೇರೆ ಕೊಂಬೆಯದ್ದು. ಅದನ್ನು ನಾನು ಟುನೈಟ್ ವಂಶಕ್ಕೆ ಸೇರಿಸುವುದಿಲ್ಲ. ಸಾಧಕರ ಸೀಟಿನಲ್ಲಿ ಕೂತವರ ಎದುರು ಹಳೆಯ ಮೇಷ್ಟ್ರು, ಬಾಲ್ಯದ ಗೆಳೆಯ, ಒಡಹುಟ್ಟಿದವರು ಒಬ್ಬೊಬ್ಬರೇ ಬರುತ್ತಾರಲ್ಲ, ಆ ಅಚ್ಚನ್ನು ಮೊದಲು ಮಾಡಿದವರು ರಾಲ್ಫ್ ಎಡ್ವರ್ಡ್ಸ್. 1946ರಲ್ಲಿ ಅವರು ಬೇರೊಂದು ರೇಡಿಯೊ ಕಾರ್ಯಕ್ರಮ ನಡೆಸುತ್ತಿದ್ದರು. ಯುದ್ಧದಲ್ಲಿ ಗಾಯಗೊಂಡು ಕಾಲಿನ ಸ್ವಾಧೀನ ಕಳೆದುಕೊಂಡ ಒಬ್ಬ ಸೈನಿಕನಿಗೆ ಏನಾದರೂ ಮಾಡಿ ಎಂಬ ಕೋರಿಕೆ ಅವರಿಗೆ ಬಂತು. ಆತನಿಗೆ ಮುಂದಿನ ಬದುಕೇ ಬೇಡವಾಗಿತ್ತು. ಎಡ್ವರ್ಡ್ಸ್ ಅವನ ಹಿಂದಿನ ಬದುಕನ್ನು, ಅದರಲ್ಲಿದ್ದ ಜನರನ್ನು ಅವನ ಮುಂದೆ ತಂದರು. ನಿನ್ನ ಹಿಂದೆ ಇಷ್ಟು ಜನ ಇದ್ದಾರೆ, ಮುಂದೆಯೂ ಇರುತ್ತಾರೆ ಅಂತ ತೋರಿಸಲು.

ಅದೇ 1948ರಲ್ಲಿ 'ದಿಸ್ ಈಸ್ ಯುವರ್ ಲೈಫ್' ಎಂಬ ರೇಡಿಯೊ ಕಾರ್ಯಕ್ರಮವಾಯಿತು, 1952ರಲ್ಲಿ ಟಿವಿಗೆ ಬಂತು. ಸಿನಿಮಾ ತಾರೆಯರ ಜತೆಗೆ ಹೆಸರಿಲ್ಲದ ಜನರನ್ನೂ ಎಡ್ವರ್ಡ್ಸ್ ಅಲ್ಲಿ ಕೂರಿಸುತ್ತಿದ್ದರು. ಅತಿಥಿಗೆ ಮೊದಲೇ ಗೊತ್ತಿರುತ್ತಿರಲಿಲ್ಲ, ಅದೊಂದೇ ನಮ್ಮ ಕಾರ್ಯಕ್ರಮಕ್ಕೂ ಅದಕ್ಕೂ ದೊಡ್ಡ ವ್ಯತ್ಯಾಸ. 1953ರ ಮೇ ತಿಂಗಳಿನಲ್ಲಿ ಹ್ಯಾನಾ ಬ್ಲಾಕ್ ಕೋನರ್ ಎಂಬ ಹೆಣ್ಣುಮಗಳು ಅಲ್ಲಿ ಕೂತಿದ್ದರು. ಹಿಟ್ಲರನ ಶಿಬಿರಗಳಿಂದ ಬದುಕಿ ಬಂದವರು, ಅಪ್ಪ ಅಮ್ಮನನ್ನು ಕಳೆದುಕೊಂಡವರು. ಕೊನೆಗೆ ಪರದೆ ಸರಿದಾಗ ಇಸ್ರೇಲಿನಿಂದ ಕರೆಸಿದ್ದ ಅವರ ಸಹೋದರ ಬಂದು ಎದುರಿಗೆ ನಿಂತರು. ಆ ಕಂತು ಉಳಿದಿದೆ. ಒಂದು ಸಂಜೆ ಬಿಡುವಾದಾಗ ಅಜ್ಜ ಮೊಮ್ಮಗಳು ಇಬ್ಬರೂ ಕೂತು ನೋಡಿ.